ಬೌಲರ್ ಬಾಳೂ, ಬ್ಯಾರಿಸ್ಟರ್ ಬಾಬಾಸಾಹೇಬ

ಏಪ್ರಿಲ್ ಬಂತೆಂದರೆ ದೊಡ್ಡಬಳ್ಳಾಪುರ, ಹೊಸಕೋಟೆ, ನೆಲಮಂಗಲದ ಕಡೆಯ ಊರುಗಳಿಗೆ ಅಂಬೇಡ್ಕರ್ ಜಯಂತಿಯ ಜೊತೆಗೆ ಕ್ರಿಕೆಟ್ಟೂ ಬರುತ್ತದೆ. ರಾಗಿ ಕಟಾವಾದ ಹೊಲವನ್ನೋ, ನೀರು ಬತ್ತಿದ ಕೆರೆಯಂಗಳವನ್ನೋ ಸಮ ಮಾಡಿಕೊಂಡು ಹುಡುಗರು ಟೆನಿಸ್ ಬಾಲ್ ಟೂರ್ನಿ ಇಡುತ್ತಾರೆ. ಫ್ಲೆಕ್ಸಿನ ಮೇಲ್ಭಾಗದಲ್ಲಿ ನೀಲಿ ಕೋಟಿನ ಬಾಬಾಸಾಹೇಬರು, ಕೆಳಗೆ ಬಹುಮಾನ ಕೊಡಿಸಿದ ಸ್ಥಳೀಯ ಮುಖಂಡರ ಸಾಲು ಸಾಲು ಮುಖಗಳು. ಗೆದ್ದ ತಂಡಕ್ಕೆ ಕೊಡುವ ಕಪ್ಪಿಗೂ ಅಂಬೇಡ್ಕರರದೇ ಹೆಸರು. ಆ ಅಂಬೇಡ್ಕರರು 1937ರಲ್ಲಿ ಚುನಾವಣೆಗೆ ನಿಂತಾಗ ಎದುರಾಳಿಯಾಗಿದ್ದವರು ಒಬ್ಬ ಕ್ರಿಕೆಟ್ ಆಟಗಾರ, ಅದೂ ನಮ್ಮ ಧಾರವಾಡದಲ್ಲಿ ಹುಟ್ಟಿದವರು ಎಂಬ ಸಂಗತಿಯನ್ನು ಆ ಹುಡುಗರಿಗೆ ಯಾರೂ ಹೇಳಿರುವುದಿಲ್ಲ.

ಆತನ ಹೆಸರು ಪಾಲವಣಕರ ಬಾಳೂ. ಭಾರತದ ಮೊದಲ ದೊಡ್ಡ ಬೌಲರ್. ಎದುರಾಳಿ ಬ್ಯಾರಿಸ್ಟರ್, ಇವರು ಓದಿನಲ್ಲಿ ಮುಂದೆ ಹೋಗಲು ದಾರಿಯೇ ಇಲ್ಲದೆ ಮೈದಾನದ ಕಸ ಗುಡಿಸುತ್ತ ಮೇಲೆ ಬಂದವರು. ಇಬ್ಬರೂ ಊರಾಚೆಯ ಕೇರಿಯ ಮನೆತನದವರು, ಇಬ್ಬರ ತಂದೆಯರೂ ಸೇನೆಯ ಅನ್ನ ಉಂಡವರು.

ಬಾಳೂ ಹುಟ್ಟಿದ್ದು 1875–76ರ ಹೊತ್ತಿಗೆ. ಆಗ ಧಾರವಾಡ ಮುಂಬಯಿ ಪ್ರಾಂತ್ಯದೊಳಗಿತ್ತು. ಮನೆತನದ ಮೂಲ ಕೊಂಕಣ ಕರಾವಳಿಯ ಪಾಲವಣ ಎಂಬ ಹಳ್ಳಿ. ಅಡ್ಡಹೆಸರು ಬಂದದ್ದು ಅಲ್ಲಿಂದ. ಚರ್ಮದ ಕೆಲಸ ಮಾಡುವ ಚಮ್ಮಾರ ಸಮುದಾಯ. ಸೇನೆಯ ನೌಕರಿ ತಂದೆಯನ್ನು ಪುಣೆಗೆ ಕರೆದೊಯ್ದಿತು. ಕಿರ್ಕಿಯ ಮದ್ದುಗುಂಡಿನ ಕಾರ್ಖಾನೆಯಲ್ಲಿ ಅವರಿಗೆ ಕೆಲಸ. ದಂಡಿನ ಸಾಹೇಬರು ಆಡಿ ಬಿಸಾಡಿದ ಬ್ಯಾಟು, ಚೆಂಡುಗಳೇ ಬಾಳೂ ಮತ್ತು ತಮ್ಮ ಶಿವರಾಮನ ಕೈಗೆ ಸಿಕ್ಕ ಮೊದಲ ಕ್ರಿಕೆಟ್ ಸಾಮಾನು.

ಮನೆ ನಡೆಯಬೇಕಿತ್ತು. ಓದು ನಿಂತಿತು. ಪಾರ್ಸಿಗಳ ಕ್ರಿಕೆಟ್ ಕ್ಲಬ್ಬೊಂದರಲ್ಲಿ ಹುಡುಗನಿಗೆ ಕೆಲಸ ಸಿಕ್ಕಿತು: ಪಿಚ್ ಗುಡಿಸುವುದು, ರೋಲರ್ ಎಳೆಯುವುದು. ತಿಂಗಳಿಗೆ 3 ರೂಪಾಯಿ. ಯಾವಾಗಲಾದರೊಮ್ಮೆ ಸದಸ್ಯರಿಗೆ ನಾಲ್ಕು ಚೆಂಡು ಎಸೆಯುವ ಅವಕಾಶ. 1892ರ ಸುಮಾರಿಗೆ ಅಲ್ಲಿಂದ ಬ್ರಿಟಿಷರ ಪೂನಾ ಕ್ಲಬ್ಬಿಗೆ ಸೇರಿದ. ಸಂಬಳ 4 ರೂಪಾಯಿಗೆ ಏರಿತು. ನೆಟ್ ಕಟ್ಟುವುದು, ಪಿಚ್ ನೋಡಿಕೊಳ್ಳುವುದು, ಟೆನಿಸ್ ಅಂಕಣಕ್ಕೆ ಸುಣ್ಣದ ಗೆರೆ ಎಳೆಯುವುದು ಅವನ ಪಾಲಿನ ಕೆಲಸಗಳು.

ದೇವನಹಳ್ಳಿಯ ಕಡೆ, ವಿಮಾನ ನಿಲ್ದಾಣಕ್ಕೆ ಹತ್ತಿರದಲ್ಲಿ, ಭಾರತೀಯ ಕ್ರಿಕೆಟ್ ಮಂಡಳಿಯ ಹೊಸ ತರಬೇತಿ ಕೇಂದ್ರ 2024ರ ಸೆಪ್ಟೆಂಬರ್‌ನಲ್ಲಿ ಆರಂಭವಾಯಿತು. ಮೂರು ಮೈದಾನ, ಕೆಂಪು ಮಣ್ಣಿನ ಪಿಚ್, ಕಪ್ಪು ಮಣ್ಣಿನ ಪಿಚ್, ಅವನ್ನು ಕಾಯಲು ಕ್ಯುರೇಟರ್‌ಗಳು. ಪಿಚ್ಚಿನ ಮಣ್ಣನ್ನು ಓದುವುದು ಇಂದು ಮರ್ಯಾದೆಯ ವಿದ್ಯೆ. ಬಾಳೂ ಕಾಲದಲ್ಲಿ ಅದು ಜೀತಕ್ಕೆ ಸಮವಾದ ಚಾಕರಿ. ಆದರೆ ಬೌಲಿಂಗಿನ ಮೊದಲ ಪಾಠ ಅವರಿಗೆ ಅಲ್ಲೇ ಸಿಕ್ಕಿರಬೇಕು ಎಂದು ನನಗೆ ಅನಿಸುತ್ತದೆ. ಆಗ ಪಿಚ್ಚಿಗೆ ಹೊದಿಕೆ ಇರುತ್ತಿರಲಿಲ್ಲ. ರಾತ್ರಿಯ ಮಳೆ, ಬೆಳಗಿನ ಇಬ್ಬನಿ, ಮಧ್ಯಾಹ್ನದ ಬಿಸಿಲು ಎಲ್ಲವೂ ನೇರ ಮಣ್ಣಿನ ಮೇಲೆ. ಎಲ್ಲಿ ಹಸಿ ಉಳಿದಿದೆ, ಎಲ್ಲಿ ಬಿರುಕು ಬಿಟ್ಟಿದೆ ಎಂಬುದು ರೋಲರ್ ಎಳೆದವನಿಗೆ ಗೊತ್ತಿರುವಷ್ಟು ಇನ್ನಾರಿಗೆ ಗೊತ್ತಿರಲು ಸಾಧ್ಯ?

ಟ್ರಾಸ್ ಎಂಬ ಇಂಗ್ಲಿಷ್ ಸದಸ್ಯ ಒಂದು ದಿನ ನೆಟ್ಟಿನಲ್ಲಿ ಬೌಲ್ ಮಾಡಲು ಹೇಳಿದನಂತೆ. ಹುಡುಗ ಎಡಗೈಯವನು. ಅಲ್ಲಿ ಆಡುತ್ತಿದ್ದ ಕ್ಯಾಪ್ಟನ್ ಬಾರ್ಟನ್ ಎಂಬ ಎಡಗೈ ಬೌಲರನ ಓಟ, ಕೈಬೀಸು ನೋಡಿ ನೋಡಿ ಕಲಿತ. ಬಲಗೈ ಬ್ಯಾಟ್ಸ್‌ಮನ್‌ಗೆ ಎಡಗೈ ಸ್ಪಿನ್ನರನ ಚೆಂಡು ಒಳಬರುವಂತೆ ತೋರಿ, ಬಿದ್ದ ಮೇಲೆ ಹೊರಕ್ಕೆ ತಿರುಗುತ್ತದೆ. ಒಂದೇ ಜಾಗಕ್ಕೆ ದಿನವಿಡೀ ಹಾಕುವ ತಾಳ್ಮೆ, ನಡುವೆ ವೇಗ ಬದಲಿಸುವ ಉಪಾಯ ಎರಡೂ ಬೇಕಾದ ಕಲೆ ಅದು. (ಹಳೆಯ ಧಾರವಾಡ ಜಿಲ್ಲೆಗೇ ಸೇರಿದ್ದ ಗದಗದಿಂದ ನೂರು ವರ್ಷದ ಮೇಲೆ ಭಾರತ ತಂಡಕ್ಕೆ ಹೋದ ಸುನಿಲ್ ಜೋಶಿ ಕೂಡ ಎಡಗೈ ಸ್ಪಿನ್ನರೇ.)

ಪೂನಾ ಕ್ಲಬ್ಬಿನ ದೊಡ್ಡ ಬ್ಯಾಟ್ಸ್‌ಮನ್ ಜೆ.ಜಿ. ಗ್ರೆಗ್. ಸೇನಾಧಿಕಾರಿ, ಇಂಗ್ಲೆಂಡಿನಲ್ಲಿ ಹ್ಯಾಂಪ್‌ಷೈರ್ ಕೌಂಟಿಗೆ ಆಡುತ್ತಿದ್ದವನು. ಉಳಿದ ಸದಸ್ಯರು ಬರುವ ಮೊದಲೇ ಬಂದು ಬಾಳೂ ಕೈಲಿ ಗಂಟೆಗಟ್ಟಲೆ ಬೌಲಿಂಗ್ ಮಾಡಿಸಿಕೊಳ್ಳುತ್ತಿದ್ದ. ತನ್ನನ್ನು ಔಟ್ ಮಾಡಿದಾಗಲೆಲ್ಲ ಎಂಟಾಣೆ ಕೊಡುತ್ತಿದ್ದ ಎಂಬ ಕಥೆ ಉಳಿದು ಬಂದಿದೆ. ಆ ಲೆಕ್ಕದಲ್ಲಿ ವಾರಕ್ಕೆರಡು ಸಲ ಗ್ರೆಗ್ ವಿಕೆಟ್ ಬಿದ್ದರೆ ತಿಂಗಳ ಸಂಬಳವೇ ಮತ್ತೊಮ್ಮೆ ಸಿಕ್ಕಂತೆ. ಇಷ್ಟೆಲ್ಲ ಆದರೂ ಆ ಕ್ಲಬ್ಬಿನ ನೆಟ್ಟಿನಲ್ಲಿ ಒಮ್ಮೆಯೂ ಬ್ಯಾಟ್ ಹಿಡಿಯಲು ಬಿಡಲಿಲ್ಲ ಎಂದು ಬಾಳೂ ಮುಂದೆ ಮಗನ ಬಳಿ ಹೇಳಿಕೊಂಡಿದ್ದರು. ಬೆವರು ಸುರಿಸುವ ಬೌಲಿಂಗ್ ಆಳಿನ ಪಾಲಿಗೆ, ಬ್ಯಾಟಿಂಗ್ ಸಾಹೇಬರ ಪಾಲಿಗೆ.

ಬಾಳೂ ಬೌಲಿಂಗಿನ ಸುದ್ದಿ ಊರಿನ ಹಿಂದೂ ಕ್ಲಬ್ಬಿಗೂ ತಲುಪಿತು. ಬ್ರಿಟಿಷರನ್ನು ಸೋಲಿಸುವ ಆಸೆ ಅವರಿಗೂ ಇತ್ತು. ಆದರೆ ಚಮ್ಮಾರರ ಹುಡುಗ ತಮ್ಮ ಜೊತೆ ಆಡುವುದೆಂದರೆ ಹೇಗೆ? ಕ್ಲಬ್ಬಿನೊಳಗೆ ವಾದ ನಡೆಯಿತು. ಬಾಳೂವನ್ನು ಬಿಟ್ಟರೆ ಹಿಂದೂಗಳು ಮೂರ್ಖರೇ ಸರಿ ಎಂಬ ಅರ್ಥದ ಮಾತನ್ನು ಗ್ರೆಗ್ ಬಹಿರಂಗವಾಗಿ ಆಡಿದ. ಕೊನೆಗೆ ಗೆಲ್ಲುವ ಆಸೆಯೇ ಮೇಲಾಯಿತು, ಬಾಳೂ ತಂಡಕ್ಕೆ ಬಂದರು. ಬಂದದ್ದು ಗೆರೆಯೊಳಗೆ ಮಾತ್ರ. ಗೆರೆ ದಾಟಿ ಚಹಾ ವಿರಾಮಕ್ಕೆ ಹೋದರೆ ಉಳಿದವರಿಗೆ ಪೆವಿಲಿಯನ್ನಿನೊಳಗೆ ಪಿಂಗಾಣಿ ಕಪ್ಪು. ಬಾಳೂಗೆ ಹೊರಗೆ, ಕುಡಿದು ಎಸೆಯುವ ಮಣ್ಣಿನ ಕುಡಿಕೆ. ಊಟಕ್ಕೆ ಬೇರೆ ತಟ್ಟೆ, ಬೇರೆ ಮೇಜು. ಮುಖ ತೊಳೆಯಲು ನೀರು ತರುವವನೂ ಅವರದೇ ಕೇರಿಯ ಆಳಾಗಿರಬೇಕು.

ಅದೇ ಚೆಂಡನ್ನು ಬಾಳೂ ಹಿಡಿದು ಎಸೆಯುತ್ತಿದ್ದರು, ಅದೇ ಚೆಂಡನ್ನು ಮೇಲುಜಾತಿಯ ಫೀಲ್ಡರ್ ಹಿಡಿದು ವಾಪಸು ಕೊಡುತ್ತಿದ್ದ. ಆ ಚೆಂಡೂ ಚರ್ಮದ್ದೇ.

ಪುಣೆಯ ಯುರೋಪಿಯನ್ನರನ್ನು ಹಿಂದೂಗಳು ಸೋಲಿಸಿದರು. ಸಾತಾರಾಕ್ಕೆ ಆಡಲು ಹೋದಾಗ ಅಲ್ಲಿನ ಬಿಳಿಯರು ಬಾಳೂ ಚೆಂಡು ತಿರುಗದಿರಲಿ ಎಂದು ವಾರವಿಡೀ ಪಿಚ್ಚಿನ ಮೇಲೆ ರೋಲರ್ ಎಳೆಸಿದ್ದರಂತೆ. ಬಾಳೂ ಏಳು ವಿಕೆಟ್ ತೆಗೆದರು. ಪುಣೆ ಆಗ ಸಮಾಜ ಸುಧಾರಣೆಯ ವಾದಗಳಿಂದ ಕಾದಿದ್ದ ಊರು. ಇವನ ಜೊತೆ ಆಡಬಹುದಾದರೆ ಕೂತು ಉಣ್ಣಲೂಬಹುದಲ್ಲ ಎಂದು ನ್ಯಾಯಮೂರ್ತಿ ಮಹಾದೇವ ಗೋವಿಂದ ರಾನಡೆ ಆಟಗಾರರಿಗೆ ಬುದ್ಧಿ ಹೇಳಿದರು, ಸಭೆಯಲ್ಲಿ ಬಾಳೂ ಕೊರಳಿಗೆ ಹಾರ ಹಾಕಿದರು. ಮತ್ತೊಂದು ಸಭೆಯಲ್ಲಿ ತಿಲಕರು ಹೊಗಳಿದರು.

1896ರಲ್ಲಿ ಪ್ಲೇಗ್ ಬಂತು. ಪುಣೆ ಖಾಲಿಯಾಗತೊಡಗಿದಾಗ ಪಾಲವಣಕರ ಕುಟುಂಬ ಮುಂಬಯಿಯ ದಾರಿ ಹಿಡಿಯಿತು. ಅಲ್ಲಿ ಬಾಳೂಗೆ ಬಾಂಬೆ ಬರೋಡಾ ರೈಲ್ವೆಯಲ್ಲಿ ನೌಕರಿ, ರೈಲ್ವೆ ತಂಡದಲ್ಲಿ ಜಾಗ. ಪರಮಾನಂದದಾಸ ಜೀವನದಾಸ ಹಿಂದೂ ಜಿಮಖಾನಾ ಸೇರಲು ಹೋದಾಗ ಅಲ್ಲೂ ಕೆಲ ಸದಸ್ಯರ ವಿರೋಧ. ತಂಡದ ನಾಯಕ ಕೀರ್ತಿಕರ ಪಟ್ಟು ಹಿಡಿದು ಒಳಕ್ಕೆ ತಂದರು.

1906ರ ಫೆಬ್ರವರಿ. ಮುಂಬಯಿಯಲ್ಲಿ ಹಿಂದೂಗಳಿಗೂ ಯುರೋಪಿಯನ್ನರಿಗೂ ಪಂದ್ಯ. ಹಿಂದೂಗಳು 242, ಯುರೋಪಿಯನ್ನರು 191. ಎರಡನೇ ಇನಿಂಗ್ಸಿನಲ್ಲಿ ಹಿಂದೂಗಳು 160. ಗೆಲ್ಲಲು 212 ಬೇಕಿದ್ದ ಯುರೋಪಿಯನ್ನರು 102ಕ್ಕೆ ಆಲೌಟ್. ಗೆಲುವಿನ ಅಂತರ 109 ರನ್. ಬಂಗಾಳ ವಿಭಜನೆಯ ಮರುವರ್ಷ ಅದು, ಸ್ವದೇಶಿ ಚಳವಳಿಯ ಬಿಸಿಯಿನ್ನೂ ಆರಿರಲಿಲ್ಲ. ಆಳುವವರನ್ನು ಅವರದೇ ಆಟದಲ್ಲಿ ಬಗ್ಗುಬಡಿದ ಸುದ್ದಿ ಊರೂರಿಗೆ ಹಬ್ಬಿತು. ‘ಇಂಡಿಯನ್ ಸೋಷಿಯಲ್ ರಿಫಾರ್ಮರ್’ ಪತ್ರಿಕೆ ಮಾತ್ರ ಇನ್ನೊಂದು ಗೆಲುವನ್ನು ಎತ್ತಿ ಹಿಡಿಯಿತು: ಪುಣೆಯಲ್ಲಿ ಹೊರಗೆ ಕೂತು ಚಹಾ ಕುಡಿದವರು ಮುಂಬಯಿಯಲ್ಲಿ ಉಳಿದವರ ಜೊತೆ ಒಂದೇ ಮೇಜಿನಲ್ಲಿ ಉಂಡಿದ್ದರು. ಆ ಪತ್ರಿಕೆಯ ಕಣ್ಣು ಸರಿಯಾದ ಜಾಗಕ್ಕೇ ಹೋಗಿತ್ತು. ಮರುವರ್ಷವೂ ಹಿಂದೂಗಳೇ ಗೆದ್ದರು.

ಬಾಳೂ ಪ್ರತಿಭೆಗೆ ಜಗತ್ತಿನ ಅಳತೆಗೋಲು ಸಿಕ್ಕಿದ್ದು 1911ರಲ್ಲಿ. ಪಟಿಯಾಲದ ಮಹಾರಾಜ ಭೂಪಿಂದರ್ ಸಿಂಗ್ ನಾಯಕತ್ವದಲ್ಲಿ ಭಾರತದ ತಂಡ ಇಂಗ್ಲೆಂಡ್ ಪ್ರವಾಸ ಹೋಯಿತು. ಪಾರ್ಸಿ, ಹಿಂದೂ, ಮುಸ್ಲಿಂ ಆಟಗಾರರು ಒಟ್ಟಾಗಿದ್ದ ಆ ತಂಡದಲ್ಲಿ ಬೆಂಗಳೂರಿನ ಬಿ. ಜಯರಾಂ ಇದ್ದರು, ಬಾಳೂ ತಮ್ಮ ಶಿವರಾಮ ಇದ್ದರು. ಮಹಾರಾಜರಿಗೆ ಆಟಕ್ಕಿಂತ ಔತಣಗಳೇ ಹೆಚ್ಚಾದವು. ತಂಡ ಹೆಚ್ಚು ಪಂದ್ಯಗಳನ್ನು ಸೋತಿತು. ಬಾಳೂ ಮಾತ್ರ ಭುಜದ ನೋವು ಕಟ್ಟಿಕೊಂಡೇ ಇಡೀ ಬೇಸಿಗೆ ಬೌಲ್ ಮಾಡಿದರು. ಒಟ್ಟು 114 ವಿಕೆಟ್, ಸರಾಸರಿ 18.84. ಕೇಂಬ್ರಿಜ್ ವಿಶ್ವವಿದ್ಯಾಲಯದ ವಿರುದ್ಧ ಒಂದೇ ಇನಿಂಗ್ಸಿನಲ್ಲಿ 103 ರನ್‌ಗೆ 8. ಲೆಸ್ಟರ್‌ಷೈರ್ ಮೇಲೆ ಪ್ರವಾಸದ ಮೊದಲ ಜಯ ಸಿಕ್ಕಿದ್ದು ಇವರ ಬೌಲಿಂಗಿನಿಂದ. ಸಾಮರ್‌ಸೆಟ್ ಮೇಲಿನ ಗೆಲುವಿಗೆ ಶಿವರಾಮ ಶತಕ ಹೊಡೆದರು. ನಾಯಕ ಊರಲ್ಲಿಲ್ಲ, ಆಡುವ ನೆಲ ಹೊಸತು. ಮೂವತ್ತೈದು ದಾಟಿದ ಮೇಲೆ ಬಾಳೂ ಇದನ್ನೆಲ್ಲ ಮಾಡಿದ್ದು. ಪ್ರಾಯದ ದಿನಗಳಲ್ಲಿ ಅವರು ಹಾಕಿದ ಸಾವಿರಾರು ಓವರುಗಳು ಯಾರದೋ ನೆಟ್ಟಿನಲ್ಲಿ, ಯಾವ ಲೆಕ್ಕದ ಪುಸ್ತಕಕ್ಕೂ ಸೇರದೆ ಹೋಗಿದ್ದವು. ಪ್ರಥಮ ದರ್ಜೆಯ ದಾಖಲೆಯಲ್ಲಿ ಉಳಿದದ್ದು 33 ಪಂದ್ಯ, 179 ವಿಕೆಟ್, 15.21ರ ಸರಾಸರಿ.

ಇಂಗ್ಲೆಂಡಿನಿಂದ ಮರಳಿದಾಗ ಮುಂಬಯಿಯ ದಲಿತ ಸಮುದಾಯ ಸನ್ಮಾನ ಸಭೆ ಇಟ್ಟುಕೊಂಡಿತು. ಅಲ್ಲಿ ಓದಿದ ಮಾನಪತ್ರವನ್ನು ಬರೆದುಕೊಟ್ಟವರು ಇಪ್ಪತ್ತರ ಹರೆಯದ ಕಾಲೇಜು ವಿದ್ಯಾರ್ಥಿ ಭೀಮರಾವ್ ಅಂಬೇಡ್ಕರ್ ಎಂದು ಇತಿಹಾಸಕಾರ ರಾಮಚಂದ್ರ ಗುಹಾ ದಾಖಲಿಸಿದ್ದಾರೆ. ಬಾಳೂ ಸೋದರರ ಕಥೆ ಇಂದಿನ ಓದುಗರಿಗೆ ಮತ್ತೆ ಸಿಕ್ಕಿದ್ದು ಮುಖ್ಯವಾಗಿ ಬೆಂಗಳೂರಿನವರೇ ಆದ ಗುಹಾ 2002ರಲ್ಲಿ ತಂದ ಪುಸ್ತಕದಿಂದ. ಮಾನಪತ್ರ ಬರೆದ ತರುಣ ಅಂಬೇಡ್ಕರರ ಪಾಲಿಗೆ ಬಾಳೂ ಎಂದರೆ ತಮ್ಮವನೊಬ್ಬ ಸಾಮ್ರಾಜ್ಯದ ನೆತ್ತಿಯ ಮೇಲೆ ನಿಂತು ಬಂದಂತೆ. ಅಂಬೇಡ್ಕರ್ ಮುಂದೆಯೂ ಬಾಳೂರನ್ನು ಸಮುದಾಯದ ಹೆಮ್ಮೆಯೆಂದು ಸಭೆಗಳಲ್ಲಿ ಎತ್ತಿ ಆಡಿದವರೇ.

ಇಷ್ಟು ಗೆದ್ದುಕೊಟ್ಟವನಿಗೆ ಹಿಂದೂ ತಂಡದ ನಾಯಕತ್ವ? ಅದೊಂದು ಮಾತ್ರ ಇಲ್ಲ. 1910ರಿಂದ ಮುಂದೆ ವರ್ಷ ವರ್ಷವೂ ಆ ಪ್ರಶ್ನೆ ಎದ್ದು ಮಲಗುತ್ತಿತ್ತು. 1913ರಲ್ಲಿ ನಾಯಕರಾದ ಎಂ.ಡಿ. ಪೈ ಅವರೇ ಈ ಗೌರವ ಹಿರಿಯರಾದ ಬಾಳೂಗೆ ಸಲ್ಲಬೇಕಿತ್ತು ಎಂದು ಸಭೆಯಲ್ಲಿ ಹೇಳಿದರು. ದೊಡ್ಡ ಮನಸ್ಸು ಬೇಕು ಆ ಮಾತಿಗೆ. 1920ರಲ್ಲಿ ಮಾತು ಮಿತಿ ಮೀರಿತು. ಬಾಳೂರನ್ನು ತಂಡದಿಂದಲೇ ಬಿಟ್ಟರು. ಪೈ ಕಾಯಿಲೆ ಬಿದ್ದಾಗ ನಾಯಕತ್ವ ಹಿರಿಯ ಆಟಗಾರ ಶಿವರಾಮರಿಗಾಗಲಿ, ಆ ಕಾಲದ ಶ್ರೇಷ್ಠ ಬ್ಯಾಟ್ಸ್‌ಮನ್ ಆಗಿದ್ದ ಇನ್ನೊಬ್ಬ ತಮ್ಮ ವಿಠಲರಿಗಾಗಲಿ ಬರಲಿಲ್ಲ, ಡಿ.ಬಿ. ದೇವಧರ್ ಪಾಲಾಯಿತು. ಶಿವರಾಮ, ವಿಠಲ ಇಬ್ಬರೂ ತಂಡದಿಂದ ಹೊರನಡೆದು, ಜಾತಿಯ ಕಾರಣಕ್ಕೆ ನಮ್ಮನ್ನು ಬದಿಗೊತ್ತಿದ್ದಾರೆ ಎಂದು ಪತ್ರಿಕಾ ಹೇಳಿಕೆ ಕೊಟ್ಟರು. ಇಂಥ ಮಾತು ಅಚ್ಚಾಗಿ ಬಂದದ್ದು ಭಾರತದ ಕ್ರಿಕೆಟ್ಟಿನಲ್ಲಿ ದೊಡ್ಡ ಸಂಗತಿ. ಗಾಂಧೀಜಿ ಅಸ್ಪೃಶ್ಯತೆಯ ವಿರುದ್ಧ ಮಾತಾಡತೊಡಗಿದ್ದ ದಿನಗಳು. ಮುಂಬಯಿಯ ಜನಾಭಿಪ್ರಾಯ ಸೋದರರ ಕಡೆ ವಾಲಿತು. ಮುಂದಿನ ಪಂದ್ಯಕ್ಕೆ ಮೂವರೂ ಮರಳಿದರು, ಬಾಳೂ ಉಪನಾಯಕ. ಆಟದ ನಡುವೆ ಪೈ ಮೈದಾನದಿಂದ ಹೊರಹೋಗಿ ತಂಡವನ್ನು ಬಾಳೂ ಕೈಗೆ ಬಿಟ್ಟರು. ನಲವತ್ತೈದರ ಹತ್ತಿರದ ಬಾಳೂ ಹೀಗೆ ಒಂದಷ್ಟು ಹೊತ್ತು ಹಿಂದೂ ತಂಡವನ್ನು ನಡೆಸಿದರು. 1923ರಲ್ಲಿ ವಿಠಲ ಪೂರ್ಣ ಪ್ರಮಾಣದ ನಾಯಕರಾಗಿ ಯುರೋಪಿಯನ್ನರನ್ನು ಸೋಲಿಸಿದಾಗ ಜನ ಅವರನ್ನು ಹೆಗಲ ಮೇಲೆ ಹೊತ್ತರು.

ಬಾಳೂ ರಾಜಕೀಯಕ್ಕೆ ಬಂದ ಹಾದಿ ಅರ್ಥವಾಗಬೇಕಾದರೆ ಈ ಹಿನ್ನೆಲೆ ಬೇಕು. ತಡೆದ ಬಾಗಿಲೆಲ್ಲ ಒಳಗಿನ ಒಬ್ಬಿಬ್ಬರ ನೆರವಿನಿಂದ, ತಮ್ಮ ಹಟದಿಂದ ತೆರೆದದ್ದನ್ನು ಕಂಡವರು ಅವರು. ರಾನಡೆ, ಕೀರ್ತಿಕರ, ಪೈ ಇಂಥವರು ಅವರ ಅನುಭವದಲ್ಲಿದ್ದರು. ಹಿಂದೂ ಸಮಾಜದೊಳಗೆ ಉಳಿದು ಅದನ್ನು ಬದಲಿಸಬಹುದು ಎಂಬ ನಂಬಿಕೆ ಅಲ್ಲಿಂದ ಬಂದದ್ದು. ಅಂಬೇಡ್ಕರರ ಅನುಭವ ಬೇರೆ. ಕೊಲಂಬಿಯಾದ ಪದವಿ ಹೊತ್ತು ಬರೋಡಾಕ್ಕೆ ಹೋದಾಗ ಇರಲು ಒಂದು ಕೋಣೆ ಸಿಗದೆ ಮರದ ಕೆಳಗೆ ಕೂತವರು ಅವರು. ಮಹಾಡದ ಕೆರೆಯ ನೀರು ಮುಟ್ಟಿದ್ದಕ್ಕೆ ಏಟು ತಿಂದ ತಮ್ಮ ಜನರ ಪರ ಕೋರ್ಟಿನಲ್ಲಿ ವರ್ಷಗಟ್ಟಲೆ ವಾದಿಸಿದವರು. ಯಾರದೋ ಒಳ್ಳೆಯತನವನ್ನು ನಂಬಿ ಕೂರಲು ಅವರು ಸಿದ್ಧರಿರಲಿಲ್ಲ. ಕಾನೂನಿನಲ್ಲಿ ಬರೆದು ಕೊಡಿ ಎಂದರು.

1932ರಲ್ಲಿ ಎರಡು ದಾರಿಗಳು ಮುಖಾಮುಖಿಯಾದವು. ದಲಿತರಿಗೆ ಪ್ರತ್ಯೇಕ ಮತಕ್ಷೇತ್ರ ಎಂದು ಬ್ರಿಟಿಷ್ ಸರ್ಕಾರ ಘೋಷಿಸಿತು: ದಲಿತ ಪ್ರತಿನಿಧಿಯನ್ನು ದಲಿತ ಮತದಾರರಷ್ಟೇ ಆರಿಸುವ ಕ್ರಮ. ಅಂಬೇಡ್ಕರ್ ಪಟ್ಟು ಹಿಡಿದು ಕೇಳಿದ್ದು ಅದನ್ನೇ. ಅದು ಹಿಂದೂ ಸಮಾಜವನ್ನು ಸೀಳುತ್ತದೆ ಎಂದು ಗಾಂಧೀಜಿ ಯರವಾಡ ಜೈಲಿನಲ್ಲಿ ಸೆಪ್ಟೆಂಬರ್ 20ರಂದು ಆಮರಣ ಉಪವಾಸಕ್ಕೆ ಕೂತರು. ಮದರಾಸಿನ ಎಂ.ಸಿ. ರಾಜಾ, ಬಾಳೂ ಮೊದಲಾದವರು ಜಂಟಿ ಮತಕ್ಷೇತ್ರದ ಪರ. ಮಾತುಕತೆ ನಾಲ್ಕೈದು ದಿನ ನಡೆದು 24ರಂದು ಪೂನಾ ಒಪ್ಪಂದವಾಯಿತು. ಪ್ರಾಂತೀಯ ಶಾಸನಸಭೆಗಳಲ್ಲಿ ದಲಿತರಿಗೆ 148 ಸ್ಥಾನ ಮೀಸಲು, ಆದರೆ ಕ್ಷೇತ್ರದ ಎಲ್ಲ ಮತದಾರರೂ ಮತ ಹಾಕುವ ಕ್ರಮ. ಆ ಕಾಗದದ ಮೇಲೆ ಅಂಬೇಡ್ಕರರ ಸಹಿಯೂ ಇದೆ, ಬಾಳೂ ಸಹಿಯೂ ಇದೆ.

ಮರುವರ್ಷ ಬಾಳೂ ತಾವೇ ಕಣಕ್ಕಿಳಿದರು. ಮುಂಬಯಿ ನಗರಸಭೆಗೆ ಹಿಂದೂ ಮಹಾಸಭೆಯ ಅಭ್ಯರ್ಥಿ. ದಲಿತರ ದೇವಾಲಯ ಪ್ರವೇಶ ಅವರ ಮುಖ್ಯ ಮಾತು. 2,179 ಮತ ಬಂತು, ಡಾ. ಹೋಮಿ ಪಾವ್ರಿ 3,030 ಪಡೆದು ಗೆದ್ದರು. 1935ರಲ್ಲಿ ಅಂಬೇಡ್ಕರ್ ಯೇವಲೆಯಲ್ಲಿ, ಹಿಂದೂವಾಗಿ ಹುಟ್ಟಿದ್ದೇನೆ, ಹಿಂದೂವಾಗಿ ಸಾಯುವುದಿಲ್ಲ ಎಂದು ಸಾರಿದಾಗ ಮತಾಂತರ ಆತ್ಮಹತ್ಯೆಗೆ ಸಮ ಎಂದು ಬಾಳೂ ವಿರೋಧಿಸಿದರು.

1937ರ ಫೆಬ್ರವರಿಯಲ್ಲಿ ಮುಂಬಯಿ ಶಾಸನಸಭೆಗೆ ಚುನಾವಣೆ. ಇ ಮತ್ತು ಎಫ್ ವಾರ್ಡುಗಳ ಮೀಸಲು ಸ್ಥಾನಕ್ಕೆ ಅಂಬೇಡ್ಕರ್ ತಾವು ಕಟ್ಟಿದ ಸ್ವತಂತ್ರ ಕಾರ್ಮಿಕ ಪಕ್ಷದಿಂದ ನಿಂತರು. ಅವರನ್ನು ತಡೆಯಬಲ್ಲ ಹೆಸರು ಯಾವುದು ಎಂದು ಕಾಂಗ್ರೆಸ್ ಹುಡುಕಿತು. ಪರೇಲದ ಗಿರಣಿ ಕೆಲಸಗಾರನಿಗೂ ಗೊತ್ತಿದ್ದ ಹೆಸರು ಬಾಳೂ. ಅಂಬೇಡ್ಕರ್ ಮಹಾರ್ ಸಮುದಾಯದವರು, ಬಾಳೂ ಚಮ್ಮಾರರು ಎಂಬ ಲೆಕ್ಕವೂ ಅದರೊಳಗಿತ್ತು. ಇಂದಿನ ಮೀಸಲು ಕ್ಷೇತ್ರಗಳಲ್ಲಿ ಟಿಕೆಟ್ ಹಂಚುವಾಗ ನಡೆಯುವ ಲೆಕ್ಕಾಚಾರವನ್ನು ಹತ್ತಿರದಿಂದ ಬಲ್ಲವರಿಗೆ ಇದು ಹೊಸದಲ್ಲ. ಪಕ್ಷ ಅವರನ್ನು ಬಳಸಿಕೊಂಡಿತೇ? ಒಂದು ಮಟ್ಟಿಗೆ ಹೌದೆನ್ನಬೇಕು. ಹಾಗೆಂದು ಬಾಳೂ ಯಾರದೋ ಕೈಗೊಂಬೆಯಾಗಿದ್ದರು ಎಂದರೆ ಅನ್ಯಾಯ. ತಾವು ನಂಬಿದ್ದ ಮಾತನ್ನೇ ಅವರು ಮತದಾರರ ಮುಂದಿಟ್ಟದ್ದು, ಅದನ್ನು ಅವರು ಐದು ವರ್ಷಗಳಿಂದ ಹೇಳುತ್ತಲೇ ಬಂದಿದ್ದರು.

ಅಂಬೇಡ್ಕರ್ 13,245. ಬಾಳೂ 11,225. ಅಂತರ 2,020.

ದೇಶದ ಬಹುಭಾಗದಲ್ಲಿ ಕಾಂಗ್ರೆಸ್ ಅಲೆ ಎದ್ದಿದ್ದ ಚುನಾವಣೆ ಅದು, ಎದುರಿಗಿದ್ದದ್ದು ಅಂಬೇಡ್ಕರ್. ಎರಡನ್ನೂ ಗಮನಕ್ಕೆ ತಂದುಕೊಂಡು ಈ ಅಂಕಿ ನೋಡಬೇಕು. ಅಕ್ಷರ ಕಡಿಮೆಯಿದ್ದ, ಅರವತ್ತು ದಾಟಿದ ನಿವೃತ್ತ ಬೌಲರ್ ಆ ಕಾಲದ ಅತಿ ದೊಡ್ಡ ದಲಿತ ನಾಯಕನಿಗೆ ಇಷ್ಟು ಹತ್ತಿರ ಬಂದದ್ದು ಸಣ್ಣ ಮಾತಲ್ಲ. ಅಂಬೇಡ್ಕರ್ ಸೋತಿದ್ದರೆ? ಸಂವಿಧಾನ ರಚನೆಯತ್ತ ಅವರನ್ನು ಒಯ್ದ ದಾರಿ ಅಷ್ಟು ನೇರವಾಗಿ ಇರುತ್ತಿತ್ತೇ ಎಂಬ ಯೋಚನೆ ಬರುತ್ತದೆ. ಅವರು ಗೆದ್ದದ್ದು ದೇಶದ ಭಾಗ್ಯ ಎನ್ನಲು ನನಗೆ ಹಿಂಜರಿಕೆಯಿಲ್ಲ. ಬಾಳೂ ಸೋತದ್ದಕ್ಕೆ ಬಾಳೂವನ್ನು ಮರೆಯಬೇಕಾದ ಕಾರಣವೂ ನನಗೆ ಕಾಣುವುದಿಲ್ಲ.

ಬಾಳೂ ಮತ್ತೆ ಚುನಾವಣೆಯಲ್ಲಿ ಹೆಸರು ಮಾಡಲಿಲ್ಲ. ತಮ್ಮ ವಿಠಲ 1948ರಲ್ಲಿ ಮರಾಠಿಯಲ್ಲಿ ತಮ್ಮ ಕ್ರೀಡಾಜೀವನ ಬರೆದರು. ಅಣ್ಣನ ಬಗೆಗಿನ ಎಷ್ಟೋ ವಿವರ ಉಳಿದದ್ದು ಆ ಪುಸ್ತಕದಿಂದ. ಅಸ್ಪೃಶ್ಯತೆಯ ಆಚರಣೆಯನ್ನು ನಿಷೇಧಿಸಿದ ಸಂವಿಧಾನದ 17ನೇ ವಿಧಿ 1950ರ ಜನವರಿ 26ರಂದು ಜಾರಿಗೆ ಬಂದಾಗ ಬಾಳೂ ಬದುಕಿದ್ದರು. ಕರಡು ಸಮಿತಿಯ ಅಧ್ಯಕ್ಷರಾಗಿದ್ದವರು 1937ರ ಅವರ ಎದುರಾಳಿಯೇ. 1955ರಲ್ಲಿ ಆ ಆಚರಣೆಯನ್ನು ಶಿಕ್ಷಾರ್ಹ ಅಪರಾಧ ಮಾಡುವ ಕಾಯ್ದೆಯೂ ಬಂತು. ಸಾರ್ವಜನಿಕ ಜಾಗದಲ್ಲಿ ಇಟ್ಟ ಪಾತ್ರೆಯನ್ನು ಜಾತಿಯ ಕಾರಣಕ್ಕೆ ಬಳಸಲು ಬಿಡದಿರುವುದೂ ಅದರ ಪ್ರಕಾರ ಅಪರಾಧ. ಆ ಕಾಯ್ದೆ ಬಂದ ವರ್ಷವೇ, ಜುಲೈ 4ರಂದು, ಬಾಳೂ ಮುಂಬಯಿಯಲ್ಲಿ ತೀರಿಕೊಂಡರು.